ಸಾಲು ಹಿಡಿದ ಹಾವಸೆ

ಮ್ಯೂಸಿಯಮ್ಮಿನ ಮೂರನೆಯ ಮಹಡಿಯಲ್ಲಿ ಒಣಗಿಸಿದ ಗಿಡಗಳನ್ನು ಇಡುವ ವಿಭಾಗವಿದೆ. ಅಲ್ಲಿ ಅವಳನ್ನು ಎಲ್ಲರೂ ಕರೆಯುತ್ತಿದ್ದದ್ದು ಪೊಟ್ಟಣದಕ್ಕ ಎಂದೇ. ಇಪ್ಪತ್ತಮೂರನೆಯ ವಯಸ್ಸಿಗೆ ಕಾಗದ ಮಡಿಸುವ ಕೆಲಸಕ್ಕೆಂದು ಸೇರಿದವಳು, ಐವತ್ತನಾಲ್ಕು ತುಂಬಿದರೂ ಕಾಗದವನ್ನೇ ಮಡಿಸುತ್ತಿದ್ದಳು. ಒಂದು ಹಾಳೆ, ನಾಲ್ಕೈದು ಮಡಿಕೆ, ಅಂಟು ಬೇಡ, ಪಿನ್ನು ಬೇಡ. ಒಳಗೆ ಒಂದು ಚಿಟಿಕೆ ಹಾವಸೆ, ಮೇಲೆ ಅವಳ ದುಂಡನೆಯ ಅಕ್ಷರದ ಚೀಟಿ. ಹಾಗೆ ಮಡಿಸಿದ ಪೊಟ್ಟಣಗಳು ಕಬ್ಬಿಣದ ಬೀರುಗಳಲ್ಲಿ ಹನ್ನೊಂದು ಸಾವಿರದ ಮೇಲಿದ್ದವು.

ಬಾಯಿ ಮಾತ್ರ ಬಲು ಖಾರ. ಯಾರಾದರೂ ಅವಳೆದುರು ಹಾವಸೆಯನ್ನು ಪಾಚಿ ಎಂದರೆ ಅವರ ಕಥೆ ಮುಗಿದಂತೆಯೇ. “ಪಾಚಿ ಅಂದ್ರೆ ನಿಮ್ಮ ಬಚ್ಚಲಲ್ಲಿ ಕಾಲು ಜಾರಿಸೋದು. ಇದಕ್ಕೆ ಕಾಂಡ ಇದೆ, ಎಲೆ ಇದೆ, ಕಾಯಿ ಇದೆ. ನಿಮಗಿಂತ ಮರ್ಯಾದಸ್ಥ ಗಿಡ ಇದು” ಎಂದು ಮುಖಕ್ಕೆ ಹೊಡೆದಂತೆ ಹೇಳುವಳು. ವಿಭಾಗದ ಮುಖ್ಯಸ್ಥರಿಗೂ ಒಮ್ಮೆ ಹಾಗೇ ಹೇಳಿದ್ದಳು. ಆ ಮನುಷ್ಯ ಬದುಕೆಲ್ಲ ಚಿಟ್ಟೆಯ ಹಿಂದೆ ಓಡಿದವರು, ಎಲ್ಲರ ಬಾಯಲ್ಲಿ ಚಿಟ್ಟೆ ಸಾಹೇಬರು. ಪಾಪ, ಅಂದಿನಿಂದ ಅವರು ಮೂರನೆಯ ಮಹಡಿಗೆ ಬಂದರೆ ಹಸಿರಾಗಿರುವ ಯಾವುದರ ಹೆಸರನ್ನೂ ಎತ್ತುತ್ತಿರಲಿಲ್ಲ.

ಅವಳಿಗೆ ಕಲಿಸಿದವರು ಹಳೆಯ ಡಾಕ್ಟರು. ಔಷಧದ ಡಾಕ್ಟರಲ್ಲ, ಹಾವಸೆಯ ಡಾಕ್ಟರು. ಅವರು ತೀರಿಕೊಂಡು ಎಂಟು ವರ್ಷವಾಗಿತ್ತು. ಬಂಡೆಯ ಮೇಲೆ, ಗೋಡೆಯ ಮೇಲೆ ಗುಂಡಗೆ ದಿಂಬಿನ ಹಾಗೆ ಉಬ್ಬಿಕೊಳ್ಳುವ ಹಾವಸೆಗಳೆಂದರೆ ಅವರಿಗೆ ಪ್ರಾಣ. ದೂರದಿಂದ ನೋಡಿದರೆ ಎಲ್ಲವೂ ಒಂದೇ ಬೂದು ಬಣ್ಣ. ಹತ್ತಿರ ಹೋದರೆ ಒಂದೊಂದಕ್ಕೆ ಒಂದೊಂದು ಹಠ. ಮೊದಲು ಎಲೆಯ ತುದಿಯಲ್ಲಿ ಬಿಳಿ ಕೂದಲಿದೆಯೋ ನೋಡು, ಇಲ್ಲವಾದರೆ ಅದು ಬೇರೆ ಮನೆತನ, ಆಚೆ ಇಡು ಎನ್ನುತ್ತಿದ್ದರು. ಕೂದಲಿದ್ದರೆ ಕಾಯಿ ಹುಡುಕು. ಕಾಯಿ ತೊಟ್ಟೇ ಇಲ್ಲದೆ ಎಲೆಗಳ ನಡುವೆ ಹುದುಗಿ ಕೂತಿದ್ದರೆ ಒಂದು ಜಾತಿ. ತೊಟ್ಟು ಕಡ್ಡಿಯಂತೆ ನೆಟ್ಟಗೆ ನಿಂತು, ಎಲೆಯ ತುದಿ ನಾಲಿಗೆಯಂತೆ ಅಗಲವಾಗಿದ್ದರೆ ಅದು ಗೋಡೆ ಹಾವಸೆ. ಗಾರೆ ಕಂಡಲ್ಲೆಲ್ಲ ಒಂದೆರಡು ವರ್ಷದೊಳಗೆ ಬಂದು ಹಾಜರಿ ಹಾಕುವಂಥದ್ದು. ಎಲೆ ಚೂಪಾಗುತ್ತ ಹೋಗಿ, ತೊಟ್ಟು ಪೂರಾ ಬಾಗಿ ಕಾಯಿಯನ್ನು ತಿರುಗಿ ದಿಂಬಿನೊಳಕ್ಕೇ ತೂರಿಸಿದ್ದರೆ ಅದು ಬೂದು ದಿಂಬು. ಇದು ನಿಧಾನಿ, ಸೋಮಾರಿ, ಬಂದರೆ ಬೇಗ ಹೋಗದಂಥದ್ದು.

ಮೋಸ ಇರುವುದು ಒಣಗಿದಾಗ. ಒಣಗಿದ ಬೂದು ದಿಂಬಿನ ತೊಟ್ಟು ಸೆಟೆದು ನೆಟ್ಟಗಾಗುತ್ತದೆ, ಎಲೆ ಮುದುಡಿಕೊಳ್ಳುತ್ತದೆ, ಕೂದಲು ಮಾತ್ರ ಕಾಣುತ್ತದೆ. ತಿಳಿಯದವನು ಗೋಡೆ ಹಾವಸೆ ಎಂದು ಬರೆದು ಎದ್ದು ಹೋಗುತ್ತಾನೆ. ಅದಕ್ಕೇ ಒಂದು ಹನಿ ನೀರು ಬಿಟ್ಟು, ಎರಡು ನಿಮಿಷ ಬಾಯಿ ಮುಚ್ಚಿಕೊಂಡು ಕಾಯಬೇಕು. ಡಾಕ್ಟರು ಮ್ಯೂಸಿಯಮ್ಮಿನ ಹಿಂಬದಿಯ ಕಲ್ಲುಗೋಡೆಯಲ್ಲಿ ಇಪ್ಪತ್ತು ಬೂದು ದಿಂಬುಗಳಿಗೆ ನಂಬರು ಹಾಕಿದ್ದರು. ಹನ್ನೆರಡು ವರ್ಷ, ವರ್ಷಕ್ಕೊಮ್ಮೆ, ಏಣಿ ಹತ್ತಿ ಅವುಗಳ ಅಗಲ ಅಳೆದವಳು ಪೊಟ್ಟಣದಕ್ಕ. ವರ್ಷಕ್ಕೆ ಎರಡು ಮಿಲಿಮೀಟರ್ ಚಿಲ್ಲರೆ, ಅದಕ್ಕಿಂತ ಜಾಸ್ತಿ ಒಂದೂ ಬೆಳೆಯಲಿಲ್ಲ.

ಮನೆಯಲ್ಲಿ ಇದ್ದವರು ಇಬ್ಬರೇ, ಅವಳು ಮತ್ತು ಅವಳ ತಮ್ಮ. ಅಮ್ಮ ಸತ್ತಾಗ ಅವಳಿಗೆ ಹದಿನೆಂಟು, ಅವನಿಗೆ ಏಳು. ಊಟ ಹಾಕಿದ್ದು, ಓದಿಸಿದ್ದು, ಕೆನ್ನೆಗೆ ಎರಡು ಬಿಟ್ಟಿದ್ದು ಎಲ್ಲ ಅವಳೇ. ಬೀಗ ರಿಪೇರಿ ಅಂಗಡಿಯ ಮೇಲಿನ ಎರಡು ಕೋಣೆಗಳಲ್ಲಿ ಅವನು ದೊಡ್ಡವನಾದ, ನಗರದ ಕಾಮಗಾರಿ ಇಲಾಖೆಯಲ್ಲಿ ಗೋಡೆ ಇನ್‌ಸ್ಪೆಕ್ಟರ್ ಆದ. ಸೇತುವೆ, ತಡೆಗೋಡೆ, ಮೋರಿಯ ಕಟ್ಟೆ, ಇವನ್ನೆಲ್ಲ ನೋಡಿ ಫಾರಂ ತುಂಬುವುದು ಅವನ ಕೆಲಸ. ಒಳ್ಳೆಯವನೇ. ಸ್ವಲ್ಪ ಪುಕ್ಕಲ, ಅಕ್ಕನ ಬಾಯಿಗೆ ಹೆದರಿ ಹೆದರಿ ಹಾಗಾದವನು ಎಂದು ಕೆಳಗಿನ ಬೀಗದವನು ಹೇಳುತ್ತಿದ್ದ.

ಆ ವರ್ಷ ಮಳೆ ಮುಗಿಯುವ ಹೊತ್ತಿಗೆ, ಒಂದು ಮಂಗಳವಾರ ಬೆಳಿಗ್ಗೆ ಹತ್ತೂವರೆಗೆ, ಗುಡ್ಡದ ರಸ್ತೆಗೆ ಆತುಕೊಂಡಿದ್ದ ತಡೆಗೋಡೆ ಕುಸಿದು ಕೆಳಗಿನ ಹೊಲಿಗೆ ಶೆಡ್ಡಿನ ಮೇಲೆ ಬಿತ್ತು. ಏಳು ಜನ ಸತ್ತರು. ಆರು ಜನ ಹೊಲಿಯುವವರು. ಏಳನೆಯವಳು ಚಹಾ ಕೊಟ್ಟುಹೋಗಿ, ಖಾಲಿ ಲೋಟ ಎತ್ತಿಕೊಳ್ಳಲು ತಿರುಗಿ ಬಂದಿದ್ದವಳು. ಮಿಷನ್ನಿನ ಮುಂದೆ ಕೂತಂತೆಯೇ ಸಿಕ್ಕವರೂ ಇದ್ದರಂತೆ.

ಆ ಗೋಡೆಯನ್ನು ನಾಲ್ಕು ವರ್ಷದ ಹಿಂದೆ ನೋಡಿ, ಫಾರಮ್ಮಿನಲ್ಲಿ “ಪಾಚಿ ಇದೆ, ತೆಗೆಸುವುದು. ಬಿರುಕಿಲ್ಲ” ಎಂದು ಬರೆದು ಸಹಿ ಮಾಡಿದವನು ಅವಳ ತಮ್ಮ.

ಅಂದಿನಿಂದ ಅವನು ತಟ್ಟೆಯ ಮುಂದೆ ಕೂರುವನು, ಏಳುವನು, ತಟ್ಟೆ ಹಾಗೇ ಇರುವುದು. ಇಲಾಖೆಯವರು ಅವನನ್ನು ಮನೆಯಲ್ಲಿರಲು ಹೇಳಿದ್ದರು. ಅಕ್ಕ ಒಮ್ಮೆ ಗದರಿದಳು, ಒಮ್ಮೆ ಬೇಡಿಕೊಂಡಳು. ಬಿರುಕು ನೀನು ನೋಡಿಹೋದ ಮೇಲೆ ಬಂದಿರಬೇಕು, ಈ ಎರಡು ವರ್ಷದ ಮಳೆ ಏನು ಸಾಮಾನ್ಯವೇ ಎಂದು ತಾನೇ ಸಮಾಧಾನ ಹೇಳಿದಳು.

ಹದಿನೈದು ದಿನ ಕಳೆದ ಮೇಲೆ ಒಂದು ಶುಕ್ರವಾರ, ತನಿಖೆಗೆ ನೇಮಿಸಿದ್ದ ಎಂಜಿನಿಯರು ಮ್ಯೂಸಿಯಮ್ಮಿಗೆ ಬಂದ. ನೆಗಡಿ ಹಿಡಿದು ಮೂಗು ಕೆಂಪಾಗಿದ್ದ ಮನುಷ್ಯ. ಪತ್ರಿಕೆಯಲ್ಲಿ ಸುತ್ತಿದ ಮೂರು ಕಲ್ಲಿನ ತುಂಡುಗಳನ್ನು ಚಿಟ್ಟೆ ಸಾಹೇಬರ ಮೇಜಿನ ಮೇಲಿಟ್ಟ. ಸಾಹೇಬರು ಪೊಟ್ಟಣದಕ್ಕನನ್ನು ಕರೆಸಿದರು.

“ಗೋಡೆ ಸೀಳಿತಲ್ಲ, ಆ ಸೀಳಿನ ಅಂಚಿನ ಕಲ್ಲುಗಳಮ್ಮ ಇವು” ಎಂದ ಎಂಜಿನಿಯರು. “ಬಿರುಕಿನ ಬಾಯಲ್ಲೇ ಈ ಹಸಿರು ಬೆಳೆದಿತ್ತು. ಇದು ಎಷ್ಟು ವರ್ಷದ್ದು ಅಂತ ಗೊತ್ತಾದ್ರೆ ಬಿರುಕು ಎಷ್ಟು ವರ್ಷದ್ದು ಅಂತ ಗೊತ್ತಾಗುತ್ತೆ. ಬೇರೆ ಊರಿನ ಇಬ್ಬರು ಸಸ್ಯಶಾಸ್ತ್ರದವರಿಗೆ ಫೋಟೋ ಕಳಿಸಿ ಕೇಳಿದ್ವಿ. ಗೋಡೆ ಹಾವಸೆ ಇದ್ದ ಹಾಗಿದೆ ಅಂದ್ರು. ಅಂದ್ರೆ ಒಂದೆರಡು ವರ್ಷದ್ದು, ತಪಾಸಣೆ ಆದಮೇಲೆ ಬಂದ ಬಿರುಕು. ಆಗ ತಪ್ಪು ಯಾರದ್ದೂ ಅಲ್ಲ, ಮಳೇದು. ನೀವೂ ಹೌದು ಅಂತ ಬರೆದುಕೊಟ್ರೆ ಫೈಲ್ ಮುಚ್ತೀವಿ.”

“ಒಣಗಿದ್ದಾಗ ತೆಗೆದ ಫೋಟೋನಾ?”

“ಒಣಗಿದ್ದಾಗಲೇ. ಯಾಕೆ?”

ಅವಳು ಸಾಹೇಬರ ಕಡೆ ತಿರುಗಿ, “ಆ ಗೋಡೆಗೆ ಸಹಿ ಹಾಕಿದವನು ನನ್ನ ತಮ್ಮ. ನಾನು ಇದನ್ನ ಮುಟ್ಟಬಾರದು” ಎಂದಳು. ಎಂಜಿನಿಯರು ಕರವಸ್ತ್ರ ತೆಗೆದು ಮೂಗು ಒರೆಸಿಕೊಂಡ. ಸಾಹೇಬರು ಕಿಟಕಿಯ ಕಡೆ ನೋಡಿದರು.

“ಮತ್ತಾರು ನೋಡ್ತಾರೆ ಹೇಳಿ?” ಎಂದ ಎಂಜಿನಿಯರು ಕೊನೆಗೆ. “ಎರಡು ತಿಂಗಳು ಕಾದ್ರೆ ಹೊರಗಿಂದ ಯಾರನ್ನೋ ಕರೆಸಬಹುದು, ಬಂದ್ರೆ. ಸತ್ತವರ ಮನೆಯವರು ದಿನಾ ಆಫೀಸಿನ ಮೆಟ್ಟಿಲ ಮೇಲೆ ಕೂತಿರ್ತಾರಮ್ಮ. ನೀವೇ ಬರೀರಿ. ಅವನು ನಿಮ್ಮ ತಮ್ಮ ಅಂತಾನೂ ಬರೀರಿ. ಸೋಮವಾರ ಸಂಜೆ ಬರ್ತೀನಿ.”

ಕಲ್ಲುಗಳನ್ನು ತಂದು ತನ್ನ ಮೇಜಿನ ಮೇಲಿಟ್ಟುಕೊಂಡಳು. ಬೂದು ಬಣ್ಣ, ಬಿಳಿ ಕೂದಲು, ನೆಟ್ಟಗೆ ನಿಂತ ಸಣ್ಣ ತೊಟ್ಟುಗಳು. ಅಗಲ ಅಳೆದಳು, ಎಲ್ಲಕ್ಕಿಂತ ದೊಡ್ಡದು ಇಪ್ಪತ್ತಾರು ಮಿಲಿಮೀಟರ್. ಮೂವತ್ತೊಂದು ವರ್ಷ ಈ ಕೆಲಸ ಮಾಡಿದವಳಿಗೆ ಯಾವುದೆಂದು ನೋಡಿದೊಡನೆ ಗೊತ್ತಾಗುವುದಿಲ್ಲವೇ? ಗೊತ್ತಾಗಿತ್ತು. ಆದರೂ ನೀರು ಹಾಕುವ ತನಕ ಯಾವುದೂ ಖಚಿತವಲ್ಲ ಎಂದು ತನಗೆ ತಾನೇ ಹೇಳಿಕೊಂಡು, ಡ್ರಾಪರನ್ನು ಡ್ರಾಯರಿನೊಳಗಿಟ್ಟು ಬೀಗ ಹಾಕಿ ಮನೆಗೆ ಹೋದಳು.

ಭಾನುವಾರ ಮಧ್ಯಾಹ್ನ ತಮ್ಮ ತಾನಾಗಿಯೇ ಅಡುಗೆಮನೆಗೆ ಬಂದ. ಅವಳು ಈರುಳ್ಳಿ ಹೆಚ್ಚುತ್ತಿದ್ದಳು. ಅವನು ಬಾಗಿಲಿಗೆ ಒರಗಿ ನಿಂತ.

“ಕಲ್ಲು ನಿನ್ನ ಹತ್ರ ಬಂದಿದೆಯಂತೆ.”

“ಬಂದಿದೆ.”

“ನೀರು ಹಾಕಿದ್ಯಾ?”

“ಇಲ್ಲ.”

“ಹಾಕ್ಬೇಡ ಅಕ್ಕ.”

ಅವಳ ಕೈ ನಿಂತಿತು. ನೀರು ಹಾಕಿದರೆ ಏನಾಗುತ್ತದೆ ಎಂದು ಊರಲ್ಲಿ ಅವಳನ್ನು ಬಿಟ್ಟರೆ ಗೊತ್ತಿದ್ದವನು ಇವನೊಬ್ಬನೇ. ಚಿಕ್ಕವನಿದ್ದಾಗ ಶಾಲೆಗೆ ರಜೆ ಬಂತೆಂದರೆ ಅವನನ್ನು ಮ್ಯೂಸಿಯಮ್ಮಿಗೆ ಕರೆದುಕೊಂಡು ಹೋಗಿ, ಮೇಜಿನ ಪಕ್ಕ ಸ್ಟೂಲಿನ ಮೇಲೆ ಕೂರಿಸಿಕೊಂಡು, ಇದನ್ನೆಲ್ಲ ತೋರಿಸಿದ್ದವಳು ಅವಳೇ.

“ಒಣಗಿದ್ದಾಗ ನೋಡಿದೆ, ಗೋಡೆ ಹಾವಸೆ ಇದ್ದ ಹಾಗಿದೆ ಅಂತ ಬರಿ” ಎಂದ ಅವನು. “ಆ ಇಬ್ಬರೂ ಹಾಗೇ ಬರೆದಿದಾರೆ. ಸುಳ್ಳೇನಲ್ಲ. ಅಡ್ಡಗೋಡೆ ಮೇಲೆ ದೀಪ ಇಟ್ಟ ಹಾಗೆ ಎರಡು ಮಾತು ಬರಿ ಸಾಕು. ನಿನ್ನ ಬಿಟ್ರೆ ಅದನ್ನ ಅಲ್ಲ ಅನ್ನೋವ್ರು ಯಾರಿದಾರೆ?”

“ನೀನು ಬಿರುಕು ನೋಡಿದ್ಯೇನೋ?”

“ಪಾಚಿ ಅಂತ ಬರೆದಿದೀನಲ್ಲ. ಪಾಚಿ ಅಂದ್ರೆ ನೀರು ಒಸರಿ ಹಸಿರುಗಟ್ಟಿದ್ದು. ಅದಕ್ಕೂ ಬಿರುಕಿಗೂ ಏನು ಸಂಬಂಧ? ನಮ್ಮ ಆಫೀಸಲ್ಲಿ ಹಸಿರಾಗಿರೋದೆಲ್ಲ ಪಾಚೀನೇ. ಲಾಯರೂ ಅದನ್ನೇ ಹೇಳ್ತಾರಂತೆ.”

“ಅವರಿಗೆ ಪಾಚಿ ಇರಬಹುದು. ನನ್ನ ಕೈಯಲ್ಲಿ ಬೆಳೆದವನು ನೀನು. ನಿನಗೆ ಪಾಚಿ ಯಾವುದು ಹಾವಸೆ ಯಾವುದು ಗೊತ್ತಿಲ್ಲ ಅಂದ್ರೆ ನಂಬಬೇಕಾ ನಾನು?”

ಅವನಿಗೆ ಎಲ್ಲಿತ್ತೋ ಸಿಟ್ಟು. “ಗೊತ್ತಿಲ್ದೇನೇ ನಿನಗೆ ತಂದುಕೊಟ್ನಾ?” ಎಂದುಬಿಟ್ಟ. ಅವಳು ಚಾಕು ಕೆಳಗಿಟ್ಟು ಅವನನ್ನೇ ನೋಡಿದಳು. “ನಿನ್ನ ಐವತ್ತನೇ ಹುಟ್ಟುಹಬ್ಬಕ್ಕೆ” ಎಂದ ಅವನು, ನೆಲ ನೋಡುತ್ತ. “ಕನ್ನಡಕದ ಡಬ್ಬೀಲಿಟ್ಟು ತಂದಿದ್ನಲ್ಲ, ಅದು ಆ ಗೋಡೇದು.”

ಅವಳು ಹೆಚ್ಚಿದ ಈರುಳ್ಳಿಯ ಮೇಲೆ ತಟ್ಟೆ ಮುಚ್ಚಿಟ್ಟು ಅಡುಗೆಮನೆಯಿಂದ ಹೊರಗೆ ಹೋದಳು.

ಸೋಮವಾರ ಬೆಳಿಗ್ಗೆ ಎಲ್ಲರಿಗಿಂತ ಮೊದಲು ಹೋಗಿ ಬೀರು ತೆಗೆದಳು. ಹುಡುಕುವುದೇನೂ ಕಷ್ಟವಾಗಲಿಲ್ಲ, ಅವಳು ಇಟ್ಟ ಪೊಟ್ಟಣ ಅವಳು ಇಟ್ಟಲ್ಲೇ ಇತ್ತು. ಚೀಟಿ ಅವಳದೇ ಅಕ್ಷರ. “ಬೂದು ದಿಂಬು. ಗುಡ್ಡದ ರಸ್ತೆಯ ತಡೆಗೋಡೆ, ಹೊಲಿಗೆ ಶೆಡ್ಡಿನ ಹಿಂದೆ. ನಯವಾದ ಸಿಮೆಂಟ್ ಮೈ. ನೇರ ಸಾಲಾಗಿ ಬೆಳೆದಿತ್ತು. ಅಗಲ ಹದಿನೇಳು ಮಿ.ಮೀ. ತಂದವನು: ನನ್ನ ತಮ್ಮ.” ಅಂಥ ಕಡೆ ಹೆಸರು ಬರೆಯಬೇಕು, ನನ್ನ ತಮ್ಮ ಎಂದು ಬರೆಯುವ ಪದ್ಧತಿಯಿಲ್ಲ. ಅಂದು ಹಿಗ್ಗಿನಲ್ಲಿ ಬರೆದುಬಿಟ್ಟಿದ್ದಳು, ಅವನು ಹೇಳಿದ ಜಾಗವನ್ನು ಬರೆದಷ್ಟೇ ಬೇಗ ಮರೆತೂಬಿಟ್ಟಿದ್ದಳು.

ಕುರ್ಚಿಯ ಮೇಲೆ ಕೂತಳು. ನಯವಾಗಿ ಸಿಮೆಂಟ್ ಬಳಿದ ಗೋಡೆಯ ಮೇಲೆ ಬೂದು ದಿಂಬು ಕಾಲೂರುವುದಿಲ್ಲ. ಅದು ಅಲ್ಲಿ ಸಾಲು ಹಿಡಿದು ಬೆಳೆದಿದೆಯೆಂದರೆ ಆ ಸಾಲಿನ ಉದ್ದಕ್ಕೂ ಸಿಮೆಂಟ್ ಬಾಯಿ ಬಿಟ್ಟಿದೆ ಎಂದರ್ಥ. ಕಾಲೇಜಿನವರು ನೋಡಲು ಬಂದಾಗಲೆಲ್ಲ ಇದನ್ನೇ ಸಾರಿ ಸಾರಿ ಹೇಳುತ್ತಿದ್ದಳಲ್ಲ, ಸಾಲು ಕಂಡರೆ ಸೀಳು ಹುಡುಕಿ ಎಂದು! ಕೈಯಾರೆ ಸಾಲು ಎಂದು ಬರೆದವಳು, ಬರೆದು ಪೊಟ್ಟಣ ಮಡಿಸಿ ಬೀರಿನಲ್ಲಿಟ್ಟು ಮನೆಗೆ ಹೋಗಿದ್ದಳು. ತಮ್ಮ ನನಗೆಂದು ಒಂದು ಹಾವಸೆ ತಂದ ಎಂಬ ಖುಷಿಯಲ್ಲಿ ಗೋಡೆಯ ಯೋಚನೆಯೇ ಬರಲಿಲ್ಲ. ನಾಲ್ಕು ವರ್ಷ ಆ ಬಿರುಕು ಈ ಕೋಣೆಯಲ್ಲಿ, ಅವಳ ಬೆನ್ನ ಹಿಂದೆ ಮೂರು ಮಾರು ದೂರದಲ್ಲಿ ಇತ್ತು.

ಡ್ರಾಪರ್ ತೆಗೆದಳು. ಮೂರು ಕಲ್ಲಿನ ಮೇಲೂ ಒಂದೊಂದು ಹನಿ ಬಿಟ್ಟು, ಲೆನ್ಸ್ ಕಣ್ಣಿಗೆ ಹಿಡಿದು ಕಾದಳು. ಮೊದಲು ಎಲೆಗಳು ಬಿಚ್ಚಿಕೊಂಡವು, ಚೂಪಾದ ಎಲೆಗಳು. ಆಮೇಲೆ ತೊಟ್ಟುಗಳು ಒಂದೊಂದಾಗಿ ಬಾಗತೊಡಗಿದವು. ಬಾಗಿ, ಬಾಗಿ, ಕಾಯಿಯನ್ನು ದಿಂಬಿನೊಳಗೆ ಮರೆ ಮಾಡಿದವು. ನಾಲ್ಕು ವರ್ಷದ ಹಿಂದೆ ಹದಿನೇಳು, ಈಗ ಇಪ್ಪತ್ತಾರು. ಗೋಡೆ ಬಾಯಿ ಬಿಟ್ಟು ಹತ್ತು ವರ್ಷದ ಮೇಲಾಗಿತ್ತು.

ಪೊಟ್ಟಣ ಹರಿದು ಬುಟ್ಟಿಗೆ ಹಾಕಿದರೆ ಕೇಳುವವರಿಲ್ಲ. ಒಣಗಿದ್ದಾಗ ನೋಡಿದೆ ಎಂದು ಒಂದು ಸಾಲು ಬರೆದರೆ ತಮ್ಮ ಮನೆಯಲ್ಲಿರುತ್ತಾನೆ, ಮತ್ತೆ ಊಟ ಮಾಡುತ್ತಾನೆ, ಕೆಲಸಕ್ಕೂ ಹೋಗಬಹುದು. ಅವನನ್ನು ಉಳಿಸಿಕೊಳ್ಳುವ ಆಸೆ ಅವಳಿಗೆ ಎಷ್ಟಿತ್ತೆಂದರೆ ಪೊಟ್ಟಣವನ್ನು ಎರಡು ಸಲ ಬುಟ್ಟಿಯ ಮೇಲಕ್ಕೆ ಒಯ್ದು ಹಿಂದಕ್ಕೆ ತಂದಳು. ಲೋಟ ತೆಗೆದುಕೊಂಡು ಹೋಗಲು ಬಂದ ಆ ಹೆಂಗಸಿನ ನೆನಪು ಬಂತು. ಯಾರೋ ಏನೋ, ಮುಖ ನೋಡಿದವಳಲ್ಲ. ಆದರೆ ಆಕೆ ಒಳಗೆ ಬರುವಾಗ ಆ ಗೋಡೆ ಬೀಳುವುದಿತ್ತು ಎಂದು ತನಗೆ ಗೊತ್ತಿರಬೇಕಾಗಿತ್ತಲ್ಲ ಎನ್ನುವುದನ್ನು ಪೊಟ್ಟಣದಕ್ಕನಿಗೆ ನುಂಗಲಾಗಲಿಲ್ಲ. ಹಾಳೆ ಎಳೆದುಕೊಂಡು ಬರೆದಳು. ಹಾವಸೆ ಯಾವುದು, ಎಷ್ಟು ಅಗಲ, ಎಷ್ಟು ವರ್ಷ. ಸಹಿ ಹಾಕಿದವನು ನನ್ನ ತಮ್ಮ. ಇದೇ ಸಾಲಿನ ಹಾವಸೆಯನ್ನು ತಪಾಸಣೆ ಮಾಡಿದ ವಾರವೇ ಅವನು ನನಗೆ ತಂದುಕೊಟ್ಟಿದ್ದಾನೆ, ಪೊಟ್ಟಣ ಇದರ ಜೊತೆಗಿದೆ. ನಾನೂ ಅಂದೇ ತಿಳಿದುಕೊಳ್ಳಬೇಕಾಗಿತ್ತು, ತಿಳಿದುಕೊಳ್ಳಲಿಲ್ಲ, ನನ್ನದೂ ತಪ್ಪಿದೆ.

ಸಂಜೆ ಎಂಜಿನಿಯರು ನಿಂತುಕೊಂಡೇ ಓದಿದ. ಓದುತ್ತ ಓದುತ್ತ ಕುರ್ಚಿ ಎಳೆದು ಕೂತ. ಕೊನೆಯ ಸಾಲಿನ ಮೇಲೆ ಕೆಂಪು ಪೆನ್ಸಿಲ್ಲಿನಿಂದ ಗೀಟು ಹಾಕಿದ.

“ಅದು ಯಾಕೆ ಹೊಡೆದ್ರಿ?”

“ಇದು ಬೇಡಮ್ಮ. ಗೋಡೆ ನೋಡೋದು ನಿಮ್ಮ ಕೆಲಸ ಅಲ್ಲ. ಇದನ್ನ ಇಟ್ರೆ ಕೇಸು ಸಡಿಲ ಆಗುತ್ತೆ.”

“ನಿಮ್ಮ ಕೇಸಿಗಾಗಿ ಬರೆದದ್ದಲ್ಲ ಅದು” ಎಂದಳು. ಅವನು ಕೇಳಿಸಿಕೊಂಡರೂ ಗೀಟು ಅಳಿಸಲಿಲ್ಲ.

ಮನೆಗೆ ಹೋಗಿ ತಮ್ಮನಿಗೆ ಅವಳೇ ಹೇಳಿದಳು. ಬೇರೆಯವರ ಬಾಯಿಂದ ಕೇಳುವುದು ಬೇಡ ಎಂದು. ಅವನು “ಸರಿ” ಎಂದ. ಎದ್ದು ಹೋಗಿ ತನ್ನ ಎರಡು ಅಂಗಿಗಳಿಗೆ ಇಸ್ತ್ರಿ ಹಾಕಿದ. ಮೂರನೆಯ ದಿನ ಪೊಲೀಸರು ಬಂದು ಕರೆದುಕೊಂಡು ಹೋದರು. ಪಾಚಿ ಎಂದರೆ ಪಾಚಿ, ನನ್ನ ಕಕ್ಷಿಗಾರನಿಗೆ ಅದರ ಭೇದ ತಿಳಿಯದು ಎಂದು ಲಾಯರು ವಾದಿಸಿದ. ಎದುರಿನವರು ಪೊಟ್ಟಣದ ಚೀಟಿ ಓದಿದರು, ಅಲ್ಲಿಗೆ ವಾದ ಮುಗಿಯಿತು. ಮೂರು ವರ್ಷ ಶಿಕ್ಷೆಯಾಯಿತು. ತೀರ್ಪಿನಲ್ಲಿ ಅವಳ ಪ್ರಾಮಾಣಿಕತೆಯನ್ನು ಎರಡು ಸಾಲು ಹೊಗಳಿದ್ದರು. ಚಿಟ್ಟೆ ಸಾಹೇಬರು ಅದನ್ನು ಕತ್ತರಿಸಿ ನೋಟೀಸು ಬೋರ್ಡಿಗೆ ಹಾಕಿಸಿದರು. ಅವಳು ಯಾರಿಗೂ ಹೇಳದೆ ಕಿತ್ತುಹಾಕಿದಳು.

ಚಹಾದವಳ ಗಂಡ ಒಂದು ದಿನ ಮೂರು ಮಹಡಿ ಹತ್ತಿ ಬಂದ. ಚಪ್ಪಲಿ ಬಾಗಿಲಲ್ಲೇ ಬಿಟ್ಟು ಒಳಗೆ ಬಂದು ಕೈಮುಗಿದ. ಒಡಹುಟ್ಟಿದವನು ಅಂತಲೂ ನೋಡಲಿಲ್ಲವಲ್ಲ ತಾಯಿ ಎಂದ. ಅವಳು ತಡೆದಳು. “ಕೇಳಿ ಇಲ್ಲಿ. ಅದು ನಾಲ್ಕು ವರ್ಷದಿಂದ ನನ್ನ ಹತ್ರಾನೇ ಇತ್ತು. ನಾನೂ ಹೇಳಬಹುದಾಗಿತ್ತು.” ಅವನಿಗೆ ಅರ್ಥವಾಗಲಿಲ್ಲ. “ನೀವು ಹೇಳಿದ್ರಲ್ಲ, ಅದೇ ದೊಡ್ಡದು” ಎಂದು ಮತ್ತೆ ಕೈಮುಗಿದು ಹೋದ. ಅವನು ಕಪಾಳಕ್ಕೆ ಹೊಡೆದಿದ್ದರೆ ಅಂದು ರಾತ್ರಿ ನಿದ್ದೆಯಾದರೂ ಬರುತ್ತಿತ್ತು.

ಜೈಲಿಗೆ ನಾಲ್ಕು ಸಲ ಹೋದರೂ ತಮ್ಮ ಹೊರಗೆ ಬರಲಿಲ್ಲ. ಬರುವುದಿಲ್ಲವಂತೆ ಎಂದು ಕಾವಲಿನವನು ಹೇಳುವನು, ಅವಳು ತಂದದ್ದನ್ನು ಗೇಟಿನಲ್ಲಿ ಕೊಟ್ಟು ಬಸ್ಸು ಹತ್ತುವಳು. ಐದನೆಯ ಸಲ ಬಂದ. ಜಾಲರಿಯ ಆಚೆ ಬೆಂಚಿನ ಮೇಲೆ ಕೂತ. ತೆಳ್ಳಗಾಗಿದ್ದ. ಊಟ ಹೇಗಿದೆ, ಕೆಮ್ಮು ಹೋಯಿತಾ ಎಂದೆಲ್ಲ ಕೇಳಿದಳು. ಒಂದೊಂದೇ ಮಾತಿನಲ್ಲಿ ಉತ್ತರ ಕೊಟ್ಟ. ಆಮೇಲೆ ಅವನೇ ಶುರು ಮಾಡಿದ.

“ನಿನ್ನ ಮೇಲೆ ಸಿಟ್ಟಿಲ್ಲ ಅಕ್ಕ. ಒಂದು ಮಾತು ಹೇಳಬೇಕಿತ್ತು, ಅದನ್ನ ಹೇಳೋಕೆ ಆಗದೆ ಬರ್ತಿರಲಿಲ್ಲ.”

“ಹೇಳು.”

“ಹುಟ್ಟುಹಬ್ಬಕ್ಕೆ ಅಂತ ನಾನು ಅದನ್ನ ತಂದಿರಲಿಲ್ಲ. ನಿನ್ನ ಕೇಳೋಣ ಅಂತ ತಂದಿದ್ದೆ. ಗೋಡೆ ಮೇಲೆ ಸಾಲಾಗಿ ಬೆಳೆದಿದೆ, ಬಿರುಕಿರಬಹುದಾ, ಏನಂತ ಬರೀಲಿ ಅಂತ. ಬಿರುಕು ಅಂತ ಬರೆದ್ರೆ ಶೆಡ್ ಖಾಲಿ ಮಾಡಿಸಬೇಕು, ಮೇಲಿನವರು ಕುಣೀತಾರೆ. ನನಗೆ ಧೈರ್ಯ ಇರಲಿಲ್ಲ. ನೀನು ಬರಿ ಅಂದ್ರೆ ಬರೀತಿದ್ದೆ.”

“ಮತ್ತೆ ಯಾಕೋ ಕೇಳಲಿಲ್ಲ?”

“ಡಬ್ಬಿ ತೆಗೆದವಳೇ, ನನ್ನ ಹುಟ್ಟುಹಬ್ಬ ನೆನಪಿಟ್ಟು ತಂದ್ಯಾ ಅಂತ ನನ್ನ ಕೆನ್ನೆ ಹಿಡ್ಕೊಂಡು ಮುತ್ತು ಕೊಟ್ಟೆ. ಅಮ್ಮ ಹೋದಮೇಲೆ ಅದೇ ಮೊದಲು. ಹುಟ್ಟುಹಬ್ಬ ಅನ್ನೋದೇ ನನಗೆ ನೆನಪಿರಲಿಲ್ಲ. ಅಲ್ಲ, ಗೋಡೆ ವಿಷಯ ಕೇಳೋಕೆ ತಂದೆ ಅಂತ ಆಗ ಹೇಗೆ ಹೇಳ್ಲಿ? ಇವತ್ತೊಂದು ದಿನ ಹೀಗೇ ಇರಲಿ, ನಾಳೆ ಕೇಳೋಣ ಅಂದ್ಕೊಂಡೆ. ಬೆಳಿಗ್ಗೆ ಫಾರಂ ಕೊಡಿ ಅಂತ ಜವಾನ ಬಂದು ನಿಂತಿದ್ದ.”

ಅವಳು ಜಾಲರಿಗೆ ಬೆರಳು ಸಿಕ್ಕಿಸಿಕೊಂಡು ಅವನ ಮುಖವನ್ನೇ ನೋಡುತ್ತ ಕೂತಿದ್ದಳು. ಕಾವಲಿನವನು ಬಂದು ಟೈಮಾಯಿತು ಎಂದ. ತಮ್ಮ ಎದ್ದು ನಿಂತ.

“ಚಳಿ ಶುರುವಾಗಿದೆ” ಎಂದಳು ಅವಳು. “ಎರಡು ಜೊತೆ ಉಣ್ಣೆ ಕಾಲುಚೀಲ ಗೇಟಲ್ಲಿ ಕೊಟ್ಟಿದೀನಿ, ಕೇಳಿ ಈಸ್ಕೋ.”

ಆಗಲಿ ಎಂದು ತಲೆಯಾಡಿಸಿ ಅವನು ಒಳಗೆ ಹೋದ.